ಬೀಟಾ: ಯಾವುದಕ್ಕೆ ಹೋಲಿಸಿ?

ಈ ಸಲ ಒಂದೇ ಒಂದು ಅಕ್ಷರದ ಬಗ್ಗೆ ಬರೆಯುತ್ತಿದ್ದೇನೆ. ಗ್ರೀಕ್ ವರ್ಣಮಾಲೆಯ ಎರಡನೇ ಅಕ್ಷರ, ಬೀಟಾ.

ಷೇರಿನ ಯಾವ ಆ್ಯಪ್ ತೆರೆದರೂ ಕಂಪನಿಯ ಹೆಸರಿನ ಕೆಳಗೆ, ಪಿ/ಇ ಅನುಪಾತದ ಆಸುಪಾಸಿನಲ್ಲಿ ಇದು ಕೂತಿರುತ್ತದೆ. ಬೀಟಾ 0.75, ಬೀಟಾ 1.3, ಹೀಗೆ. ಒಂದಕ್ಕಿಂತ ಕಡಿಮೆ ಇದ್ದರೆ ಸುರಕ್ಷಿತ, ಜಾಸ್ತಿ ಇದ್ದರೆ ಅಪಾಯ ಎಂದು ಬಹಳ ಜನ ಅರ್ಥ ಮಾಡಿಕೊಳ್ಳುತ್ತಾರೆ. ಇದು ಅರ್ಧ ಸರಿ. ಉಳಿದ ಅರ್ಧವೇ ನಮ್ಮಂಥವರಿಗೆ, ಅಂದರೆ ಒಂದು ದೇಶದಲ್ಲಿ ದುಡಿದು, ಸಂಬಳದ ಒಂದು ಭಾಗವನ್ನು ಕಂಪನಿಯ ಷೇರಿನ ರೂಪದಲ್ಲಿ ಪಡೆದು, ಇನ್ನೊಂದು ದೇಶದಲ್ಲೂ ಹಣ ಇಟ್ಟಿರುವವರಿಗೆ, ಹೆಚ್ಚು ಮುಖ್ಯ. ಅಲ್ಲಿಗೆ ಹೋಗುವ ಮೊದಲು ಈ ಅಕ್ಷರ ಎಲ್ಲೆಲ್ಲಿ ಏನೇನು ಅರ್ಥ ಕೊಡುತ್ತದೆ ಎಂದು ನೋಡಿಬರೋಣ. ಆ ಸುತ್ತಾಟದಿಂದ ಷೇರಿನ ಬೀಟಾ ಅರ್ಥವಾಗುವುದು ಸುಲಭ.

ನಮ್ಮ ಮನೆಯಲ್ಲೇ ಇದಕ್ಕೆ ನಾಲ್ಕು ಅರ್ಥಗಳಿವೆ. ಫಾರ್ಮಸಿಯಲ್ಲಿ ಕೆಲಸ ಮಾಡುವ ನನ್ನ ಹೆಂಡತಿಗೆ ಬೀಟಾ ಎಂದರೆ ಹೃದಯದ ಮಾತ್ರೆ. ಭೌತಶಾಸ್ತ್ರ ಓದುತ್ತಿರುವ ಮಗಳಿಗೆ ಅದು ವಿಕಿರಣ. ನನಗೆ ಷೇರು. ಊರಿನಿಂದ ವಿಡಿಯೋ ಕಾಲ್‌ನಲ್ಲಿದ್ದ ಅಮ್ಮ ಒಮ್ಮೆ ಈ ಚರ್ಚೆ ಕೇಳಿಸಿಕೊಂಡು, "ಯಾರ ಬೇಟಾನೋ? ಯಾರಿಗೆ ಮಗ ಆಯ್ತು?" ಎಂದು ಕೇಳಿದರು. ಅಮ್ಮನ ತಪ್ಪಿಲ್ಲ. ಅಮೆರಿಕದಲ್ಲಿ ಈ ಅಕ್ಷರವನ್ನು ಹೇಳುವುದೇ "ಬೇಟಾ" ಎಂದು, ಹಿಂದಿಯ ಮಗನ ಹಾಗೆ.

ಮನೆಯಿಂದ ಹೊರಟ ಅಕ್ಷರ

ಬೀಟಾ ಗ್ರೀಕರ ಸ್ವಂತ ಹೆಸರಲ್ಲ. ಫಿನೀಷಿಯನ್ನರ "ಬೇತ್" ಎಂಬ ಅಕ್ಷರದಿಂದ ಬಂದದ್ದು. ಬೇತ್ ಎಂದರೆ ಆ ಭಾಷೆಯಲ್ಲಿ ಮನೆ. ಗ್ರೀಕರು ಅಕ್ಷರವನ್ನು ತೆಗೆದುಕೊಂಡರು, ಮನೆಯನ್ನು ಅಲ್ಲೇ ಬಿಟ್ಟರು. ಗ್ರೀಕ್ ಭಾಷೆಯಲ್ಲಿ ಬೀಟಾ ಎಂಬ ಪದಕ್ಕೆ ಆ ಅಕ್ಷರದ ಹೆಸರು ಎಂಬುದರ ಹೊರತು ಬೇರೆ ಅರ್ಥವೇ ಇಲ್ಲ. ಮೊದಲ ಎರಡು ಅಕ್ಷರಗಳಾದ ಆಲ್ಫಾ ಮತ್ತು ಬೀಟಾ ಸೇರಿ "ಆಲ್ಫಬೆಟ್" ಆಯಿತು.

ಅಕ್ಷರದ ಉಚ್ಚಾರವೂ ಒಂದೇ ಕಡೆ ನಿಲ್ಲಲಿಲ್ಲ. ಪ್ರಾಚೀನ ಗ್ರೀಕ್‌ನಲ್ಲಿ ಅದು "ಬ" ಆಗಿತ್ತು. ಇವತ್ತು ಅಥೆನ್ಸ್‌ಗೆ ಹೋಗಿ ಕೇಳಿದರೆ ಅದು "ವೀಟಾ". ಪುಸ್ತಕಕ್ಕೆ ಹಳೆಯ ಗ್ರೀಕ್‌ನಲ್ಲಿ "ಬಿಬ್ಲಿಯೊನ್", ಈಗ "ವಿವ್ಲಿಯೊ". ಹಾಗಾದರೆ ಈಗ "ಬ" ಶಬ್ದ ಬರೆಯಬೇಕಾದರೆ? "ಮ" ಮತ್ತು "ಪ" ಅಕ್ಷರಗಳನ್ನು ಜೋಡಿಸಿ ಬರೆಯುತ್ತಾರೆ. ರಷ್ಯನ್ ಲಿಪಿಯಲ್ಲೂ ಬೀಟಾದ ಆಕಾರದ ಅಕ್ಷರ "ವ" ಆಗಿ, "ಬ"ಗೆ ಬೇರೆ ಅಕ್ಷರ ಬಂದಿದೆ.

ಕನ್ನಡದವರಿಗೆ ಇದು ಹೊಸದೇನಲ್ಲ. ನಮ್ಮಲ್ಲಿ ದಾರಿ ಉಲ್ಟಾ ಅಷ್ಟೇ. ಸಂಸ್ಕೃತದ ವನ ಕನ್ನಡದಲ್ಲಿ ಬನ ಆಯಿತು, ವಿದ್ಯೆ ಬಿಜ್ಜೆ ಆಯಿತು. ಶಾಲೆಯಲ್ಲಿ ತತ್ಸಮ-ತದ್ಭವ ಬಾಯಿಪಾಠ ಮಾಡಿದವರಿಗೆ ನೆನಪಿರುತ್ತದೆ. ಗ್ರೀಕರು "ಬ"ದಿಂದ "ವ"ಕ್ಕೆ ಹೋದರೆ ನಾವು "ವ"ದಿಂದ "ಬ"ಕ್ಕೆ ಬಂದೆವು.

ಎರಡನೆಯದು, ಆದರೆ ಯಾರ ನಂತರ?

ಗ್ರೀಕರು ಅಕ್ಷರಗಳನ್ನೇ ಸಂಖ್ಯೆಗಳಾಗಿಯೂ ಬಳಸುತ್ತಿದ್ದರು. ಆಲ್ಫಾ ಒಂದು, ಬೀಟಾ ಎರಡು. ಕ್ರಿ.ಪೂ. 3ನೇ ಶತಮಾನದಲ್ಲಿ ಅಲೆಕ್ಸಾಂಡ್ರಿಯಾದ ಗ್ರಂಥಾಲಯದ ಮುಖ್ಯಸ್ಥನಾಗಿದ್ದ ಎರಾಟೊಸ್ತನೀಸ್‌ನಿಗೆ "ಬೀಟಾ" ಎಂಬ ಅಡ್ಡಹೆಸರಿತ್ತು. ಎಲ್ಲ ವಿದ್ಯೆಯಲ್ಲೂ ಕೈಯಾಡಿಸಿದವನು, ಯಾವುದರಲ್ಲೂ ಮೊದಲನೆಯವನಲ್ಲ ಎಂಬ ಕುಹಕ ಅದರಲ್ಲಿತ್ತಂತೆ. ನೆರಳಿನ ಕೋನ ಅಳೆದು ಭೂಮಿಯ ಸುತ್ತಳತೆ ಲೆಕ್ಕ ಹಾಕಿದವನು ಇದೇ ಮನುಷ್ಯ.

"ಎರಡನೆಯದು" ಎಂಬ ಈ ಗುರುತು ಮುಂದೆ ವಿಜ್ಞಾನದ ತುಂಬ ಹರಡಿತು. 1603ರಲ್ಲಿ ಯೋಹಾನ್ ಬೇಯರ್ ಪ್ರಕಟಿಸಿದ ನಕ್ಷತ್ರಪಟದಲ್ಲಿ ಪ್ರತಿ ನಕ್ಷತ್ರಪುಂಜದ ಮುಖ್ಯ ನಕ್ಷತ್ರಗಳಿಗೆ ಗ್ರೀಕ್ ಅಕ್ಷರ ಕೊಟ್ಟ. ಸಾಮಾನ್ಯವಾಗಿ ಪ್ರಕಾಶಮಾನವಾದದ್ದು ಆಲ್ಫಾ, ನಂತರದ್ದು ಬೀಟಾ. ಆದರೆ ಮಹಾವ್ಯಾಧ ಪುಂಜದಲ್ಲಿ ಆಲ್ಫಾ ಎನಿಸಿಕೊಂಡದ್ದು ನಮ್ಮ ಆರ್ದ್ರಾ ನಕ್ಷತ್ರ, ಬೀಟಾ ಎನಿಸಿಕೊಂಡದ್ದು ರೈಜೆಲ್. ಸಾಮಾನ್ಯವಾಗಿ ಹೆಚ್ಚು ಬೆಳಗುವುದು ರೈಜೆಲ್. ಪುನರ್ವಸುವಿನ ಜೋಡಿ ನಕ್ಷತ್ರಗಳಲ್ಲೂ ಬೀಟಾ ಎಂದು ಗುರುತಿಸಿದ್ದೇ ಹೆಚ್ಚು ಪ್ರಕಾಶದ್ದು. ಒಮ್ಮೆ ಅಂಟಿಸಿದ ಚೀಟಿ ಹಾಗೇ ಉಳಿಯಿತು.

1899ರಲ್ಲಿ ಅರ್ನೆಸ್ಟ್ ರದರ್‌ಫರ್ಡ್ ಯುರೇನಿಯಂನ ವಿಕಿರಣದಲ್ಲಿ ಎರಡು ಬಗೆ ಇರುವುದನ್ನು ಗುರುತಿಸಿದರು. ತೆಳು ಹಾಳೆಯಲ್ಲೇ ತಡೆದು ನಿಲ್ಲುವುದಕ್ಕೆ ಆಲ್ಫಾ ಎಂದರು, ಇನ್ನೂ ಒಳಗೆ ತೂರುವುದಕ್ಕೆ ಬೀಟಾ ಎಂದರು. ಬೀಟಾ ಕಣ ಎಂದರೆ ವೇಗದ ಎಲೆಕ್ಟ್ರಾನ್ ಎಂಬುದು ಆಮೇಲೆ ತಿಳಿಯಿತು. ಹಳೆಯ ಮೂಳೆ, ಮರದ ಚೂರುಗಳ ವಯಸ್ಸು ಹೇಳುವ ಕಾರ್ಬನ್-14 ಕ್ಷಯಿಸುವುದು ಇದೇ ಬೀಟಾ ಕಣ ಹೊರಬಿಟ್ಟು.

ಔಷಧಿಯ ಕಥೆಯೂ ಹೀಗೇ. 1948ರಲ್ಲಿ ರೇಮಂಡ್ ಆಲ್‌ಕ್ವಿಸ್ಟ್ ಎಂಬ ಔಷಧವಿಜ್ಞಾನಿ, ಅಡ್ರಿನಲಿನ್‌ಗೆ ದೇಹದಲ್ಲಿ ಎರಡು ಬಗೆಯ ಗ್ರಾಹಕಗಳಿವೆ ಎಂದು ವಾದಿಸಿ ಅವಕ್ಕೆ ಆಲ್ಫಾ, ಬೀಟಾ ಎಂದು ಹೆಸರಿಟ್ಟರು. ಹೃದಯದ ಬಡಿತ ಏರಿಸುವುದು ಬೀಟಾ. ಅದನ್ನು ತಡೆಯುವ ಪ್ರೊಪ್ರಾನೊಲಾಲ್ ಔಷಧಿಯನ್ನು 1960ರ ದಶಕದಲ್ಲಿ ರೂಪಿಸಿದ ಜೇಮ್ಸ್ ಬ್ಲ್ಯಾಕ್ ಅವರಿಗೆ 1988ರ ನೊಬೆಲ್ ಬಂತು. ಬೀಟಾ-ಬ್ಲಾಕರ್ ಎಂಬ ಹೆಸರು ಅಲ್ಲಿಂದ. ಮೇದೋಜೀರಕ ಗ್ರಂಥಿಯಲ್ಲಿ ಇನ್ಸುಲಿನ್ ತಯಾರಿಸುವುದೂ ಬೀಟಾ ಕೋಶಗಳೇ. ಮಧುಮೇಹ ಇರುವ ಮನೆಯವರಿಗೆ ಈ ಹೆಸರು ಪರಿಚಿತ. ಆದರೆ ಆ ಬೀಟಾಕ್ಕೂ ಬ್ಲಾಕರ್‌ನ ಬೀಟಾಕ್ಕೂ ನಂಟಿಲ್ಲ. ಎರಡು ಬೇರೆ ಪಟ್ಟಿಗಳಲ್ಲಿ ಎರಡನೆಯವು, ಅಷ್ಟೇ.

ಸಾಫ್ಟ್‌ವೇರ್‌ನವರಿಗೆ ಹೇಳಬೇಕಾಗಿಲ್ಲ. ಆಲ್ಫಾ ಪರೀಕ್ಷೆ ಮನೆಯೊಳಗೆ, ಬೀಟಾ ಪರೀಕ್ಷೆ ಹೊರಗಿನ ಬಳಕೆದಾರರ ಕೈಯಲ್ಲಿ. 2004ರಲ್ಲಿ ಬಂದ ಜಿಮೇಲ್ 2009ರವರೆಗೂ "ಬೀಟಾ" ಎಂಬ ಚೀಟಿ ಹೊತ್ತುಕೊಂಡೇ ಇತ್ತು. ಸಂಖ್ಯಾಶಾಸ್ತ್ರದಲ್ಲಂತೂ ಒಂದೇ ಪುಸ್ತಕದಲ್ಲಿ ಎರಡು ಬೀಟಾ ಸಿಗುತ್ತವೆ. ಒಂದು ರಿಗ್ರೆಶನ್ ಗೆರೆಯ ಇಳಿಜಾರು, ಇನ್ನೊಂದು ನಿಜವಾಗಿ ಇರುವ ಪರಿಣಾಮವನ್ನು ಪರೀಕ್ಷೆ ಗುರುತಿಸದೆ ಬಿಟ್ಟುಬಿಡುವ ಸಂಭವ.

ಇಷ್ಟೆಲ್ಲ ನೋಡಿದ ಮೇಲೆ ಒಂದು ವಿಷಯ ಸ್ಪಷ್ಟ. ಬೀಟಾ ಎಂಬ ಅಕ್ಷರ ತಾನಾಗಿ ಏನನ್ನೂ ಹೇಳುವುದಿಲ್ಲ. ಯಾವ ಪಟ್ಟಿ, ಯಾವುದರ ಪಕ್ಕ, ಯಾವುದಕ್ಕೆ ಹೋಲಿಸಿ ಎಂದು ಗೊತ್ತಾದ ಮೇಲೆ ಮಾತ್ರ ಅದಕ್ಕೆ ಅರ್ಥ. ಷೇರಿನ ಬೀಟಾಕ್ಕೂ ಇದೇ ನಿಯಮ.

ಷೇರಿನ ಬೀಟಾ ಅಳೆಯುವುದು ಏನನ್ನು?

ಅಮೆರಿಕದ ಅರ್ಥಶಾಸ್ತ್ರಜ್ಞ ವಿಲಿಯಂ ಶಾರ್ಪ್ 1964ರಲ್ಲಿ ಪ್ರಕಟಿಸಿದ ಪ್ರಬಂಧ ಇದಕ್ಕೆ ತಳಹದಿ. 1990ರಲ್ಲಿ ಹ್ಯಾರಿ ಮಾರ್ಕೊವಿಟ್ಜ್, ಮರ್ಟನ್ ಮಿಲ್ಲರ್ ಜೊತೆ ಅವರಿಗೆ ನೊಬೆಲ್ ಬಂತು. ಲೆಕ್ಕ ಹೀಗಿದೆ. ಒಂದು ಷೇರಿನ ಪ್ರತಿಫಲವನ್ನು ಮಾರುಕಟ್ಟೆಯ ಪ್ರತಿಫಲದ ಎದುರು ಗ್ರಾಫ್ ಮೇಲೆ ಚುಕ್ಕಿ ಇಟ್ಟು, ಮಧ್ಯೆ ಒಂದು ಗೆರೆ ಎಳೆಯಿರಿ. ಗೆರೆ ಶುರುವಾಗುವ ಎತ್ತರ ಆಲ್ಫಾ, ಗೆರೆಯ ಇಳಿಜಾರು ಬೀಟಾ. ಬೀಟಾ 1.3 ಎಂದರೆ ಮಾರುಕಟ್ಟೆ ಶೇ. 10 ಏರಿಳಿದಾಗ, ಆ ಕಾರಣಕ್ಕೆ ಈ ಷೇರು ಸರಾಸರಿ ಶೇ. 13 ಏರಿಳಿಯುತ್ತದೆ.

"ಆ ಕಾರಣಕ್ಕೆ" ಎಂಬ ಮಾತಿಗೆ ಅಡಿಗೆರೆ ಹಾಕಿ. ಕೊಡಗಿನಲ್ಲಿ ಮಳೆ ಬಿದ್ದರೆ ಕೆಆರ್‌ಎಸ್ ಜಲಾಶಯದ ಮಟ್ಟ ಏರುತ್ತದೆ. ಎಷ್ಟು ಮಳೆಗೆ ಎಷ್ಟು ಅಡಿ ಎಂಬುದು ಬೀಟಾ ಇದ್ದ ಹಾಗೆ. ಆದರೆ ಅಣೆಕಟ್ಟೆಯ ಗೇಟು ತೆರೆದರೆ, ನಾಲೆಗೆ ನೀರು ಬಿಟ್ಟರೆ, ಮಳೆ ಇದ್ದರೂ ಇಲ್ಲದಿದ್ದರೂ ಮಟ್ಟ ಬದಲಾಗುತ್ತದೆ. ಅದು ಬೀಟಾದ ಲೆಕ್ಕದಲ್ಲಿ ಬರುವುದಿಲ್ಲ.

ಒಂದು ಉದಾಹರಣೆ ತೆಗೆದುಕೊಳ್ಳೋಣ. ಸೂತ್ರ ಸರಳ: ಬೀಟಾ = ಕೋರಿಲೇಶನ್ × (ಷೇರಿನ ಏರಿಳಿತ ÷ ಮಾರುಕಟ್ಟೆಯ ಏರಿಳಿತ). ಒಂದು ಷೇರಿನ ವಾರ್ಷಿಕ ಏರಿಳಿತ ಶೇ. 40, ಮಾರುಕಟ್ಟೆಯದು ಶೇ. 16, ಎರಡರ ನಡುವಿನ ಕೋರಿಲೇಶನ್ 0.3 ಎಂದಿಟ್ಟುಕೊಳ್ಳಿ. 40 ಭಾಗಿಸು 16 ಎಂದರೆ 2.5. ಅದನ್ನು 0.3ರಿಂದ ಗುಣಿಸಿದರೆ ಬೀಟಾ 0.75.

ಆ್ಯಪ್ ನೋಡಿದವರಿಗೆ ಇದು "ಮಾರುಕಟ್ಟೆಗಿಂತ ಶಾಂತ" ಷೇರು. ವಾಸ್ತವದಲ್ಲಿ ಅದರ ಏರಿಳಿತ ಮಾರುಕಟ್ಟೆಯ ಎರಡೂವರೆ ಪಟ್ಟು. ಅದರ ಏರಿಳಿತದಲ್ಲಿ (ಸಂಖ್ಯಾಶಾಸ್ತ್ರದ ಭಾಷೆಯಲ್ಲಿ ವೇರಿಯನ್ಸ್) ಮಾರುಕಟ್ಟೆಯ ಪಾಲು 0.3ರ ವರ್ಗ, ಅಂದರೆ ಶೇ. 9 ಮಾತ್ರ. ಉಳಿದ ಶೇ. 91 ಕಂಪನಿಯದೇ ಸ್ವಂತ ಕಾರಣಗಳು: ಹೊಸ ಔಷಧಿಗೆ ಅನುಮತಿ ಸಿಗದಿರುವುದು, ದೊಡ್ಡ ಗ್ರಾಹಕ ಕೈಬಿಡುವುದು, ಲೆಕ್ಕಪತ್ರದ ಮೋಸ. ಬೀಟಾ ಕಡಿಮೆ ಇರುವುದಕ್ಕೆ ಷೇರು ಶಾಂತವಾಗಿರಬೇಕಿಲ್ಲ. ಮಾರುಕಟ್ಟೆಗೆ ಕಿವಿಗೊಡದೆ ತನ್ನ ಪಾಡಿಗೆ ತಾನು ಕುಣಿಯುತ್ತಿದ್ದರೂ ಸಾಕು.

ಶಾರ್ಪ್ ಅವರ ವಾದದ ಮುಖ್ಯ ಭಾಗ ಇಲ್ಲಿದೆ. ನೂರಾರು ಷೇರುಗಳನ್ನು ಹಿಡಿದವರಿಗೆ ಆ ಸ್ವಂತ ಕಾರಣಗಳು ಒಂದನ್ನೊಂದು ಹೊಡೆದುಹಾಕುತ್ತವೆ, ಉಳಿಯುವುದು ಬೀಟಾ ಮಾತ್ರ. ಹಾಗಾಗಿ ಮಾರುಕಟ್ಟೆ ಹೆಚ್ಚಿನ ಪ್ರತಿಫಲ ಕೊಡುವುದು ಬೀಟಾ ಹೊತ್ತದ್ದಕ್ಕೆ. ಸುಲಭವಾಗಿ ಹಂಚಿ ಕಳೆದುಕೊಳ್ಳಬಹುದಾಗಿದ್ದ ಅಪಾಯವನ್ನು ಒಬ್ಬರೇ ಹೊತ್ತರೆ ಅದಕ್ಕೆ ಯಾರೂ ಕೂಲಿ ಕೊಡುವುದಿಲ್ಲ. ಸೂಚ್ಯಂಕ ಫಂಡ್ ಇಟ್ಟುಕೊಂಡವರಿಗೆ ಬೀಟಾ ಒಳ್ಳೆಯ ಅಳತೆಗೋಲು. ಒಂದೇ ಷೇರಿನಲ್ಲಿ ಹಣ ತುಂಬಿದವರಿಗೆ ಅದು ಚಿತ್ರದ ಸಣ್ಣ ಮೂಲೆ.

ಆರ್‌ಎಸ್‌ಯು ಇರುವವರ ಬೀಟಾ

ನಮ್ಮಲ್ಲಿ ಬಹಳ ಜನ ಎರಡನೇ ಗುಂಪಿನವರು, ಗೊತ್ತಿದ್ದೋ ಗೊತ್ತಿಲ್ಲದೆಯೋ. ಆರ್‌ಎಸ್‌ಯು ಬರುತ್ತವೆ, ಮಾರುವುದಕ್ಕೆ ಮನಸ್ಸು ಬರುವುದಿಲ್ಲ, ನಾಲ್ಕೈದು ವರ್ಷದಲ್ಲಿ ಒಟ್ಟು ಹೂಡಿಕೆಯ ಶೇ. 40 ಒಂದೇ ಕಂಪನಿಯಾಗಿರುತ್ತದೆ. ಆ ಷೇರಿನ ಬೀಟಾ 1.3, ಉಳಿದ ಶೇ. 60 ಸೂಚ್ಯಂಕ ಫಂಡ್, ಬೀಟಾ 1. ಒಟ್ಟು ಬೀಟಾ ಎಂದರೆ 0.4 × 1.3 + 0.6 × 1 = 1.12. ನೋಡಲು ಎಷ್ಟು ಸಾಧು ಸಂಖ್ಯೆ! ಮಾರುಕಟ್ಟೆಗಿಂತ ಒಂಚೂರು ಹೆಚ್ಚು, ಅಷ್ಟೇ ಅನಿಸುತ್ತದೆ. ಆದರೆ ಆ ಕಂಪನಿಯೊಂದೇ ತನ್ನ ಸ್ವಂತ ಕಾರಣಕ್ಕೆ ಅರ್ಧಕ್ಕೆ ಬಿದ್ದರೆ, ಮಾರುಕಟ್ಟೆ ಒಂದು ಪೈಸೆ ಅಲುಗಾಡದಿದ್ದರೂ ನಿಮ್ಮ ಒಟ್ಟು ಹಣದ ಶೇ. 20 ಹೋಯಿತು.

ಅಷ್ಟಕ್ಕೇ ನಿಲ್ಲುವುದಿಲ್ಲ. ಅದೇ ಕಂಪನಿ ನಿಮಗೆ ಸಂಬಳ ಕೊಡುತ್ತದೆ, ಆರೋಗ್ಯ ವಿಮೆ ಕೊಡುತ್ತದೆ, ವೀಸಾ ಕೂಡ ಅದರ ಹೆಸರಿನಲ್ಲೇ ಇರಬಹುದು. ಗಲ್ಫ್‌ನಲ್ಲಿದ್ದರೆ ಸಾಮಾನ್ಯವಾಗಿ ವಾಸದ ಪರವಾನಗಿಯೂ ನೌಕರಿಗೆ ಕಟ್ಟಿಕೊಂಡಿರುತ್ತದೆ. ಷೇರು ಬೀಳುವ ವರ್ಷವೇ ಕೆಲಸ ಹೋಗುವ ವರ್ಷವೂ ಆಗುವ ಸಂಭವ ಹೆಚ್ಚು. ನಿಮ್ಮ ಸಂಬಳಕ್ಕೂ ಒಂದು ಬೀಟಾ ಇದೆ. ಯಾವ ಆ್ಯಪ್‌ನಲ್ಲೂ ಅದು ಕಾಣುವುದಿಲ್ಲ.

ಇದಕ್ಕೆ ದಾಖಲೆಯಲ್ಲಿರುವ ಕಟು ಉದಾಹರಣೆ ಎನ್ರಾನ್. 2000ದ ಆಗಸ್ಟ್‌ನಲ್ಲಿ 90 ಡಾಲರ್ ಮುಟ್ಟಿದ್ದ ಷೇರು, 2001ರ ಡಿಸೆಂಬರ್‌ನಲ್ಲಿ ಕಂಪನಿ ದಿವಾಳಿ ಅರ್ಜಿ ಹಾಕುವ ಹೊತ್ತಿಗೆ ಒಂದು ಡಾಲರ್‌ಗಿಂತ ಕೆಳಗೆ ಇಳಿದಿತ್ತು. ನೌಕರರ 401(ಕೆ) ನಿವೃತ್ತಿ ಹಣದಲ್ಲಿ ಅರ್ಧಕ್ಕಿಂತ ಹೆಚ್ಚು ಅದೇ ಷೇರಿನಲ್ಲಿತ್ತು. ಕೆಲಸ ಹೋಯಿತು, ನಿವೃತ್ತಿಯ ಹಣವೂ ಹೋಯಿತು, ಎರಡೂ ಒಟ್ಟಿಗೆ. ಆ ನಷ್ಟದ ಬಹುಪಾಲನ್ನು ಯಾವ ಬೀಟಾವೂ ಮುಂಚಿತವಾಗಿ ಹೇಳುತ್ತಿರಲಿಲ್ಲ, ಏಕೆಂದರೆ ಅದಕ್ಕೆ ಮಾರುಕಟ್ಟೆ ಕಾರಣವಾಗಿರಲಿಲ್ಲ.

ಯಾವ ಕರೆನ್ಸಿಯ ಬೀಟಾ?

ಊರಿನಲ್ಲಿ ಮ್ಯೂಚುವಲ್ ಫಂಡ್ ಇಟ್ಟವರಿಗೆ ಇನ್ನೊಂದು ಸುತ್ತು ಇದೆ. ಭಾರತದ ಫಂಡ್‌ನ ಮಾಹಿತಿ ಪತ್ರದಲ್ಲಿ ಬೀಟಾ 0.9 ಎಂದಿದ್ದರೆ ಅದು ರೂಪಾಯಿ ಲೆಕ್ಕದಲ್ಲಿ, ಭಾರತದ ಸೂಚ್ಯಂಕಕ್ಕೆ ಹೋಲಿಸಿ ಹಾಕಿದ್ದು. ನಿಮ್ಮ ಮನೆ ಸಾಲ, ಮಕ್ಕಳ ಕಾಲೇಜು ಫೀಸು ಡಾಲರ್‌ನಲ್ಲಿದ್ದರೆ ಆ ಸಂಖ್ಯೆ ನಿಮ್ಮದಲ್ಲ.

2008ನ್ನು ನೆನಪಿಸಿಕೊಳ್ಳಿ. 2007ರ ಕೊನೆಗೆ 20,000ದ ಮೇಲಿದ್ದ ಸೆನ್ಸೆಕ್ಸ್ ಒಂದೇ ವರ್ಷದಲ್ಲಿ ಸುಮಾರು ಶೇ. 52 ಕುಸಿಯಿತು. ಅದೇ ವರ್ಷ ಡಾಲರ್ ಬೆಲೆ 39 ರೂಪಾಯಿ ಆಸುಪಾಸಿನಿಂದ 48ರ ಮೇಲೆ ಹೋಯಿತು. ವರ್ಷದ ಆರಂಭದಲ್ಲಿ 39 ಲಕ್ಷ ರೂಪಾಯಿ, ಅಂದರೆ ಒಂದು ಲಕ್ಷ ಡಾಲರ್, ಇದ್ದವರ ಹೂಡಿಕೆ ಕೊನೆಗೆ ಸುಮಾರು 39 ಸಾವಿರ ಡಾಲರ್. ಊರಿನವರಿಗೆ ಅರ್ಧ ಹೋದರೆ ನಮ್ಮವರಿಗೆ ಶೇ. 60ಕ್ಕೂ ಹೆಚ್ಚು. ಭಯದ ಕಾಲದಲ್ಲಿ ವಿದೇಶಿ ಹೂಡಿಕೆದಾರರು ಭಾರತದ ಷೇರು ಮಾರಿ ಡಾಲರ್ ಕೊಳ್ಳುತ್ತಾರೆ, ಹಾಗಾಗಿ ಷೇರು ಮತ್ತು ರೂಪಾಯಿ ಜೊತೆಯಾಗಿ ಜಾರುವುದು ಸಾಮಾನ್ಯ. ದಿರ್ಹಮ್ ಮತ್ತು ಸೌದಿ ರಿಯಾಲ್ ಡಾಲರ್‌ಗೆ ಕಟ್ಟಿದ ಕರೆನ್ಸಿಗಳು, ಆದ್ದರಿಂದ ದುಬೈ, ರಿಯಾದ್‌ನಲ್ಲಿರುವವರಿಗೂ ಇದೇ ಲೆಕ್ಕ.

ಈಗ ಇದನ್ನೇ ತಿರುಗಿಸಿ ನೋಡಿ. ಇನ್ನು ಐದು ವರ್ಷಕ್ಕೆ ಮೈಸೂರಿಗೆ ವಾಪಸ್ ಹೋಗುವವರ ಖರ್ಚು ರೂಪಾಯಿಯಲ್ಲಿ. 2008ರಲ್ಲಿ ಅಮೆರಿಕದ ಎಸ್ ಆ್ಯಂಡ್ ಪಿ 500 ಸೂಚ್ಯಂಕ ಸುಮಾರು ಶೇ. 38 ಬಿತ್ತು. ರೂಪಾಯಿ ಲೆಕ್ಕದಲ್ಲಿ ಆ ನಷ್ಟ ನಾಲ್ಕರಲ್ಲಿ ಒಂದು ಭಾಗದಷ್ಟು ಮಾತ್ರ, ಡಾಲರ್ ಏರಿಕೆ ಉಳಿದದ್ದನ್ನು ತುಂಬಿಕೊಟ್ಟಿತು. ಅದೇ ಫಂಡ್, ಅದೇ ವರ್ಷ. ಎಲ್ಲಿ ಬಾಳುತ್ತೀರಿ ಎಂಬುದರ ಮೇಲೆ ನಷ್ಟದ ಗಾತ್ರ ಬೇರೆ.

ನಾನು ಕೇಳಿಕೊಳ್ಳುವ ನಾಲ್ಕು ಪ್ರಶ್ನೆ

ಬೀಟಾ ಎಂಬ ಸಂಖ್ಯೆ ಕಂಡಾಗ ನಾನು ಈ ನಾಲ್ಕು ಪ್ರಶ್ನೆ ಕೇಳುತ್ತೇನೆ.

ಒಂದು, ಯಾವ ಸೂಚ್ಯಂಕಕ್ಕೆ ಹೋಲಿಸಿ? ಚಿನ್ನದ ಗಣಿ ಕಂಪನಿಯನ್ನು ಎಸ್ ಆ್ಯಂಡ್ ಪಿಗೆ ಹೋಲಿಸಿದರೆ ಒಂದು ಬೀಟಾ, ಚಿನ್ನದ ಬೆಲೆಗೆ ಹೋಲಿಸಿದರೆ ಇನ್ನೊಂದು.

ಎರಡು, ಎಷ್ಟು ಕಾಲದ ಲೆಕ್ಕ? ಕೆಲವು ಕಡೆ 5 ವರ್ಷದ ತಿಂಗಳ ಪ್ರತಿಫಲ, ಅಂದರೆ 60 ಚುಕ್ಕಿಗಳು. ಕೆಲವು ಕಡೆ 2 ವರ್ಷದ ವಾರದ ಲೆಕ್ಕ. ಒಂದೇ ಷೇರಿಗೆ ಎರಡು ತಾಣಗಳಲ್ಲಿ ಎರಡು ಬೀಟಾ ಕಂಡರೆ ಗಾಬರಿ ಬೇಡ, ಇದೇ ಕಾರಣ. ಎರಡೂ ಹಿಂದಿನದನ್ನು ಹೇಳುತ್ತವೆ.

ಮೂರು, ಯಾವ ಕರೆನ್ಸಿಯಲ್ಲಿ? ನಾನು ಖರ್ಚು ಮಾಡುವ ಕರೆನ್ಸಿಯೇ?

ನಾಲ್ಕು, ಬೀಟಾ ಹೇಳದೆ ಉಳಿದದ್ದು ಎಷ್ಟು? ಕೆಲವು ತಾಣಗಳಲ್ಲಿ ಬೀಟಾ ಪಕ್ಕ "ಆರ್-ಸ್ಕ್ವೇರ್ಡ್" ಎಂದಿರುತ್ತದೆ. ಮೇಲಿನ ಉದಾಹರಣೆಯ ಶೇ. 9 ಅದೇ. ಅದು ಕಡಿಮೆ ಇದ್ದರೆ ಬೀಟಾಕ್ಕೆ ಹೆಚ್ಚು ಬೆಲೆ ಕೊಡಬೇಡಿ.

ಕೆಲಸ ಕೊಟ್ಟ ಕಂಪನಿಯ ಷೇರಿಗೆ ನನ್ನದು ಸರಳ ನಿಯಮ. ಒಟ್ಟು ಹೂಡಿಕೆಯ ಶೇ. 10 ದಾಟಿದ ದಿನ ಮಿಕ್ಕದ್ದನ್ನು ಮಾರಿ ಸೂಚ್ಯಂಕ ಫಂಡ್‌ಗೆ ಹಾಕುತ್ತೇನೆ. ಶೇ. 10 ಎಂಬುದು ಶಾಸ್ತ್ರವಲ್ಲ, ನನಗೆ ನಿದ್ದೆ ಬರುವ ಅಂಕಿ. ಅಮೆರಿಕದಲ್ಲಿ ಆರ್‌ಎಸ್‌ಯು ಕೈಗೆ ಬಂದ ದಿನದ ಬೆಲೆಯೇ ನಿಮ್ಮ ಆದಾಯ ಎಂದು ತೆರಿಗೆ ಲೆಕ್ಕಕ್ಕೆ ಬರುತ್ತದೆ. ಹಾಗಾಗಿ ಅದೇ ದಿನ ಮಾರಿದರೆ ಹೆಚ್ಚುವರಿ ತೆರಿಗೆಯ ಭಾರ ಸಾಮಾನ್ಯವಾಗಿ ಏನೂ ಇರುವುದಿಲ್ಲ. ಬೋನಸ್ ನಗದಾಗಿ ಬಂದಿದ್ದರೆ ಇದೇ ಷೇರನ್ನು ಕೊಳ್ಳುತ್ತಿದ್ದೆನೇ ಎಂದು ಕೇಳಿಕೊಂಡರೆ ಉತ್ತರ ಬೇಗ ಸಿಗುತ್ತದೆ. ಬೇರೆ ದೇಶಗಳ ತೆರಿಗೆ ನಿಯಮ ಬೇರೆ, ಅಲ್ಲಿನ ಸಲಹೆಗಾರರನ್ನು ಕೇಳಿ.

ಈ ವಾರಾಂತ್ಯ ಒಂದು ಹಾಳೆ ತೆಗೆದುಕೊಂಡು ಮೂರು ಸಾಲು ಬರೆಯಿರಿ: ನಿಮ್ಮ ಸಂಬಳ ಯಾವ ಉದ್ಯಮದಿಂದ ಬರುತ್ತದೆ, ನಿಮ್ಮ ಷೇರುಗಳಲ್ಲಿ ಎಷ್ಟು ಭಾಗ ಅದೇ ಉದ್ಯಮದ್ದು, ಮುಂದಿನ ಹತ್ತು ವರ್ಷದ ದೊಡ್ಡ ಖರ್ಚುಗಳು ಯಾವ ಕರೆನ್ಸಿಯಲ್ಲಿ. ನಿಮ್ಮ ನಿಜವಾದ ಬೀಟಾ ಆ ಹಾಳೆಯಲ್ಲಿ ಸಿಗುತ್ತದೆ. ಮುಂದಿನ ಬರಹದಲ್ಲಿ ಇದರ ಅಣ್ಣ ಆಲ್ಫಾ, ಮತ್ತು ಅದನ್ನು ಕೊಡುತ್ತೇವೆಂದು ಫಂಡ್‌ಗಳು ವಸೂಲಿ ಮಾಡುವ ಶುಲ್ಕದ ಲೆಕ್ಕ ನೋಡೋಣ.